ಒಂದು ಸರಕ್ಕೆ ನಲವತ್ತು ಕವಡೆ

ದಿನ 1: ಅಕ್ರಾ

ಅಕ್ರಾ ವಿಮಾನ ನಿಲ್ದಾಣದಿಂದ ಹೊರಗೆ ಬಂದಾಗ ಆಕಾಶ ಪೂರ್ತಿ ಮಸುಕಾಗಿತ್ತು. ಮಳೆ ಬರಬಹುದು ಅಂದುಕೊಂಡೆ. "ಮೋಡ ಅಲ್ಲ ಮಾರಾಯ, ಸಹಾರಾದ ಧೂಳು. ಜನವರಿಯಲ್ಲಿ ಇಲ್ಲಿ ಹೀಗೇ," ಅಂದರು ಭಾವ. ಆ ಗಾಳಿಗೆ ಹರ್ಮಟಾನ್ ಅಂತ ಹೆಸರು. ಮನೆ ಮುಟ್ಟುವಷ್ಟರಲ್ಲಿ ನನ್ನ ತುಟಿ ಒಡೆದಿತ್ತು.

ಭಾವ ಟೆಮಾ ಬಂದರಿನ ಹತ್ತಿರ ಒಂದು ಕಾರ್ಖಾನೆಯಲ್ಲಿ ಲೆಕ್ಕಪತ್ರ ನೋಡುತ್ತಾರೆ. ಅವರೂ ಅಕ್ಕನೂ ಘಾನಾಕ್ಕೆ ಬಂದು ಹನ್ನೊಂದು ವರ್ಷ ಆಯ್ತು. "ಒಂದ್ಸಲ ಬಾರೋ" ಅಂತ ಅಕ್ಕ ಕರೆಯುತ್ತಲೇ ಇದ್ದಳು, ನಾನು ಮುಂದೂಡುತ್ತಲೇ ಇದ್ದೆ. ಈ ಸಲ ಹೊರಡಿಸಿದ್ದು ಅಜ್ಜಿಯ ಕವಡೆ. ಯಲ್ಲಾಪುರದ ಮನೆಯ ಅಟ್ಟ ಚೊಕ್ಕ ಮಾಡುವಾಗ ಅವಳ ಚೌಕಾಬಾರದ ನಾಲ್ಕು ಕವಡೆ ಸಿಕ್ಕಿದವು. ಫೋಟೋ ತೆಗೆದು ಅಕ್ಕನಿಗೆ ಕಳಿಸಿದೆ. ಉತ್ತರ ಬಂದದ್ದು ಭಾವನಿಂದ: "ಇದು ನಮ್ಮ ಈ ಊರಿನ ದುಡ್ಡು."

ತಮಾಷೆ ಅಂದುಕೊಂಡಿದ್ದೆ. ಇವತ್ತು ರಾತ್ರಿ ಊಟಕ್ಕೆ ಕೂತಾಗ ಭಾವ ಜೇಬಿನಿಂದ ಒಂದು ನೋಟು ತೆಗೆದು ಮೇಜಿನ ಮೇಲಿಟ್ಟರು. ಘಾನಾದ ಹಣಕ್ಕೆ ಸೆಡಿ ಅನ್ನುತ್ತಾರೆ. 1965ರಲ್ಲಿ ಪೌಂಡಿನ ಲೆಕ್ಕ ಬಿಟ್ಟು ಹೊಸ ಹಣ ತಂದಾಗ ಇಟ್ಟ ಹೆಸರು. ಇಲ್ಲಿನ ಅಕಾನ್ ಜನರ ಭಾಷೆಯ 'ಸೆಡಿಯೆ'ಯಿಂದ ಬಂದದ್ದು. ಸೆಡಿಯೆ ಅಂದರೆ ಕವಡೆ.

"ನಮ್ಮಲ್ಲಿ ಕವಡೆ ಕಾಸಿನ ಕಿಮ್ಮತ್ತಿಲ್ಲ ಅಂತೀವಿ. ಇಲ್ಲಿ ಅದೇ ಕಾಸು," ಅಂತ ಅಕ್ಕ ನಕ್ಕಳು.

ಈ ಕವಡೆ ಆಫ್ರಿಕಾದ ಪಶ್ಚಿಮ ತೀರದ್ದಲ್ಲ. ನಮ್ಮ ಕಡಲಿನದು, ಮಾಲ್ಡೀವ್ಸ್‌ನದು. 14ನೇ ಶತಮಾನದಲ್ಲಿ ಮೊರಾಕ್ಕೊದ ಪ್ರವಾಸಿ ಇಬ್ನ್ ಬತೂತ ಮಾಲ್ಡೀವ್ಸ್‌ನಲ್ಲಿ ಕವಡೆ ಹೆಕ್ಕುವುದನ್ನು ನೋಡಿದ. ಕೆಲವು ವರ್ಷದ ಮೇಲೆ ಸಹಾರಾ ದಾಟಿ ಮಾಲಿ ಸಾಮ್ರಾಜ್ಯಕ್ಕೆ ಹೋದರೆ ಅಲ್ಲಿನ ಸಂತೆಯಲ್ಲೂ ಅದೇ ಕವಡೆ ಓಡಾಡುತ್ತಿತ್ತು. ಆಗ ಒಂಟೆಯ ಮೇಲೆ ಬರುತ್ತಿತ್ತು. ಆಮೇಲೆ ಯುರೋಪಿನವರ ಹಡಗಿನಲ್ಲಿ ಬಂತು. ಹಡಗಿನಲ್ಲಿ ಬಂದ ಕವಡೆ ಏನು ಕೊಂಡಿತು ಅನ್ನುವುದನ್ನು ನೋಡಬೇಕು ಅಂತಲೇ ಈ ಪ್ರವಾಸ. ಭಾವ ಒಂಬತ್ತು ದಿನ ರಜೆ ಹಾಕಿದ್ದಾರೆ. ಅಕ್ಕ ಚಪಾತಿ, ಚಟ್ನಿಪುಡಿ, ಅಪ್ಪೆಮಿಡಿ ಉಪ್ಪಿನಕಾಯಿ ಕಟ್ಟಿಟ್ಟಿದ್ದಾಳೆ. "ನಾನಂತೂ ಬರಲ್ಲ. ಆ ಕೋಟೆ ಒಂದ್ಸಲ ನೋಡಿದ್ದೀನಿ, ಸಾಕು," ಅಂದಳು.

ದಿನ 2: ಕೇಪ್ ಕೋಸ್ಟ್

ಬೆಳಿಗ್ಗೆ ಐದಕ್ಕೇ ಹೊರಟೆವು. ಅಕಾನರಲ್ಲಿ ಹುಟ್ಟಿದ ವಾರವೇ ಒಂದು ಹೆಸರು. ಶುಕ್ರವಾರ ಹುಟ್ಟಿದ ಗಂಡಸರೆಲ್ಲ ಕೋಫಿ. ನಮ್ಮ ಡ್ರೈವರ್ ಕೂಡ ಒಬ್ಬ ಕೋಫಿ. ನಾನು ಹುಟ್ಟಿದ್ದು ಬುಧವಾರ ಅಂತ ಕೇಳಿದವನೇ ನನ್ನನ್ನು ಕ್ವಾಕು ಅಂತ ಕರೆಯಲು ಶುರು ಮಾಡಿದ. ದಾರಿಯಲ್ಲಿ ಕೆಂಕೆ ತಿನ್ನಿಸಿದ. ಮೆಕ್ಕೆಜೋಳದ ಹಿಟ್ಟನ್ನು ಹುಳಿ ಬರಿಸಿ, ಎಲೆಯಲ್ಲಿ ಸುತ್ತಿ ಬೇಯಿಸಿದ್ದು. ನಮ್ಮ ಕಡುಬಿನ ದೂರದ ನೆಂಟ. ಜೊತೆಗೆ ಕೊಡುವ ಮೀನು ನನಗೆ ಆಗದು, ಅಪ್ಪೆಮಿಡಿ ಹಚ್ಚಿಕೊಂಡು ತಿಂದೆ.

ಕೇಪ್ ಕೋಸ್ಟ್ ಕೋಟೆ ದೂರದಿಂದ ಬೆಳ್ಳಗೆ, ಚಂದ ಕಾಣಿಸುತ್ತದೆ. ಅದೇ ಮೊದಲ ಕಿರಿಕಿರಿ. ಸುಣ್ಣ ಹೊಡೆದ ಗೋಡೆ, ಕಡಲಿಗೆ ಬಾಯಿ ಮಾಡಿ ನಿಂತ ಫಿರಂಗಿ ಸಾಲು, ಕೆಳಗೆ ಬಂಡೆಗೆ ಬಡಿಯುವ ಅಲೆ. ಕೈ ತಾನಾಗೇ ಮೊಬೈಲ್ ಕಡೆ ಹೋಯಿತು. ಸ್ವೀಡನ್ನಿನವರು 1653ರಲ್ಲಿ ಶುರು ಮಾಡಿದ ಕೋಟೆ ಇದು. ಡೇನರು, ಡಚ್ಚರು ಕಿತ್ತಾಡಿದ ಮೇಲೆ 1664ರಲ್ಲಿ ಇಂಗ್ಲಿಷರ ಕೈಗೆ ಬಂತು. ಮುಂದಿನ ಇನ್ನೂರು ವರ್ಷ ಈ ತೀರದಲ್ಲಿ ಅವರ ಮುಖ್ಯ ಠಾಣೆ ಇದೇ.

ಗೈಡ್ ಐವತ್ತರ ಆಸುಪಾಸಿನ ಹೆಂಗಸು. ದನಿ ಏರಿಸದೆ ಮಾತಾಡುತ್ತಾರೆ. ಗಂಡಸರ ನೆಲಮಾಳಿಗೆಗೆ ಇಳಿಜಾರು ಇದೆ. ಒಳಗೆ ಹೋದ ಮೇಲೆ ದೀಪ ಆರಿಸಿದರು. ಮೇಲೆ, ಕೈಗೆಟುಕದ ಎತ್ತರದಲ್ಲಿ, ಅಂಗೈ ಅಗಲದ ಬೆಳಕು. ಅಷ್ಟೇ.

"ನೀವು ನಿಂತಿರೋದು ಕಲ್ಲಿನ ಮೇಲಲ್ಲ," ಅಂದರು. ನೂರಾರು ಜನರನ್ನು ವಾರಗಟ್ಟಲೆ, ತಿಂಗಳುಗಟ್ಟಲೆ ತುಂಬಿಟ್ಟ ಕೋಣೆ. ಮಲ, ಮೂತ್ರ, ವಾಂತಿ, ರಕ್ತ, ಉಳಿದ ಅನ್ನ, ಎಲ್ಲ ಅಲ್ಲೇ. ಅದು ಪದರ ಪದರವಾಗಿ ಗಟ್ಟಿಯಾಗಿ ನೆಲವಾಗಿದೆ. ಒಂದು ಮೂಲೆಯಲ್ಲಿ ಅಗೆದು ಕೆಳಗಿನ ಇಟ್ಟಿಗೆ ತೋರಿಸಿದ್ದಾರೆ. ಗೋಡೆಯ ಮೇಲೆ ಒಂದು ಗೆರೆ ಇದೆ, ಹೊಲಸು ಎಷ್ಟು ಎತ್ತರಕ್ಕೆ ಬಂದಿತ್ತು ಅಂತ. ನಾನು ನೆಲ ನೋಡಿದೆ. ಗದ್ದೆಯ ಮೆಟ್ಟು ಬಿದ್ದ ಮಣ್ಣಿನ ಹಾಗೆ ಕಪ್ಪಗೆ, ನುಣ್ಣಗೆ. ಚಪ್ಪಲಿ ಬಿಡಬೇಕೋ ಬೇಡವೋ ತಿಳಿಯಲಿಲ್ಲ. ಎತ್ತಿದ ಕಾಲು ಎಲ್ಲಿ ಇಡುವುದು ಅಂತಲೂ ತಿಳಿಯಲಿಲ್ಲ.

ಈ ನೆಲಮಾಳಿಗೆಯ ಸರಿ ಮೇಲೆ ಚರ್ಚು. ಮೇಲೆ ಪ್ರಾರ್ಥನೆ, ಕೆಳಗೆ ಇದು. ಅಲ್ಲಿ ಪಾದ್ರಿಯಾಗಿದ್ದವನು ಫಿಲಿಪ್ ಕ್ವಾಕೆ. ಇದೇ ಊರಿನ ಹುಡುಗ. 1754ರಲ್ಲಿ ಓದಲು ಇಂಗ್ಲೆಂಡಿಗೆ ಹೋದ. 1765ರಲ್ಲಿ ಇಂಗ್ಲೆಂಡಿನ ಚರ್ಚು ಅವನಿಗೆ ದೀಕ್ಷೆ ಕೊಟ್ಟಿತು. ಆಫ್ರಿಕಾದವರಲ್ಲಿ ಅವನೇ ಮೊದಲನೆಯವನು. ವಾಪಸ್ ಬಂದು ಸುಮಾರು ಐವತ್ತು ವರ್ಷ ಇದೇ ಕೋಟೆಯಲ್ಲಿ ಇದ್ದ, ಪುಟ್ಟ ಶಾಲೆ ನಡೆಸಿದ, 1816ರಲ್ಲಿ ಸತ್ತ. ಅವನ ಗೋರಿ ಅಂಗಳದಲ್ಲೇ ಇದೆ. ಐವತ್ತು ವರ್ಷ ಅವನ ಕಾಲ ಕೆಳಗಿಂದ ಏನು ಕೇಳಿಸುತ್ತಿತ್ತು? ಆ ಗೋರಿಯ ಹತ್ತಿರ ನಾನು ಜಾಸ್ತಿ ಹೊತ್ತು ನಿಂತೆ. ಭಾವ ಎರಡು ಸಲ ಕರೆದರು.

ಕೊನೆಗೆ ಒಂದು ಬಾಗಿಲು. 'ಮರಳಿ ಬಾರದ ಬಾಗಿಲು' ಅಂತ ಮೇಲೆ ಬರೆದಿದೆ. ಇದನ್ನು ದಾಟಿದರೆ ದೋಣಿ, ದೋಣಿಯಿಂದ ಹಡಗು. ನಾಲ್ಕು ಶತಮಾನದಲ್ಲಿ ಅಟ್ಲಾಂಟಿಕ್ ಹಡಗು ಹತ್ತಿದ ಆಫ್ರಿಕನ್ನರು ಸುಮಾರು 1 ಕೋಟಿ 25 ಲಕ್ಷ. ಆಚೆ ದಡ ಕಂಡವರು ಸುಮಾರು 1 ಕೋಟಿ 7 ಲಕ್ಷ. ಉಳಿದ 18 ಲಕ್ಷ ಸಮುದ್ರಕ್ಕೆ. ಬಾಗಿಲು ತೆಗೆದರು. ಹೊರಗೆ ಮೀನುಗಾರರು! ಬಣ್ಣ ಬಣ್ಣದ ದೋಣಿ, ಬಲೆ ಹೊಲಿಯುವ ಹುಡುಗರು, ರೇಡಿಯೋ, ಹುರಿದ ಬಾಳೆಕಾಯಿ ಮಾರುವವಳು. ಕಣ್ಣು ಕುಕ್ಕುವ ಬಿಸಿಲು. ಬಾಗಿಲಿನ ಹೊರ ಮುಖಕ್ಕೆ 'ಮರಳುವ ಬಾಗಿಲು' ಅಂತ ಇನ್ನೊಂದು ಫಲಕ.

ಹೊರಡುವಾಗ ಗೈಡ್ ಕೇಳಿದರು, "ನಿಮ್ಮ ಇಂಡಿಯಾದಲ್ಲೂ ನಮ್ಮವರು ಇದ್ದಾರಂತೆ, ಹೌದಾ?"

ಇದ್ದಾರೆ. ನಮ್ಮ ಊರಲ್ಲೇ ಇದ್ದಾರೆ. ಯಲ್ಲಾಪುರ, ಹಳಿಯಾಳ, ಅಂಕೋಲೆಯ ಕಾಡಂಚಿನ ಸಿದ್ದಿಯರು. ಅವರಲ್ಲಿ ಹೆಚ್ಚಿನವರ ಹಿರಿಯರನ್ನು ಪೋರ್ಚುಗೀಸರು ಗೋವಾಕ್ಕೆ ತಂದಿದ್ದರು. ಈ ತೀರದಿಂದ ಅಲ್ಲ, ಆಫ್ರಿಕಾದ ಪೂರ್ವ ತೀರದಿಂದ, ಮೊಜಾಂಬಿಕ್ ಕಡೆಯಿಂದ. ತಪ್ಪಿಸಿಕೊಂಡವರು ಘಟ್ಟದ ಕಾಡು ಸೇರಿದರು. ಐದನೇ ಕ್ಲಾಸಿನಲ್ಲಿ ನನ್ನ ಪಕ್ಕದ ಬೆಂಚಿನಲ್ಲಿ ಒಬ್ಬ ಸಿದ್ದಿ ಹುಡುಗ ಕೂರುತ್ತಿದ್ದ. ಮೇಷ್ಟ್ರು ವಾಸ್ಕೋ ಡ ಗಾಮನ ಪಾಠ ಮಾಡಿದರು. ಭೂಪಟದಲ್ಲಿ ಆಫ್ರಿಕಾ ಸುತ್ತಿ ಬಂದ ದಾರಿಗೆ ಕೆಂಪು ಬಣ್ಣ ಹಚ್ಚಿದೆವು. ಅದೇ ದಾರಿಯಲ್ಲಿ ಬಂದವರ ಮರಿಮೊಮ್ಮಗ ಪಕ್ಕದಲ್ಲೇ ಕೂತಿದ್ದಾನೆ ಅಂತ ಮೇಷ್ಟ್ರೂ ಹೇಳಲಿಲ್ಲ, ನಾವೂ ಕೇಳಲಿಲ್ಲ. ಅವನ ಗುಂಗುರು ಕೂದಲಿಗೆ ಕಡ್ಡಿ ಸಿಕ್ಕಿಸಿ ನಗುವುದು ಮಾತ್ರ ಗೊತ್ತಿತ್ತು. ಗೈಡ್‌ಗೆ ಮೊದಲರ್ಧ ಹೇಳಿದೆ. ಕಡ್ಡಿಯ ವಿಷಯ ಹೇಳಲಿಲ್ಲ.

ದಿನ 3: ಎಲ್ಮಿನಾ

ಕೇಪ್ ಕೋಸ್ಟ್‌ನಿಂದ ಕಾಲು ಗಂಟೆ, ಇಪ್ಪತ್ತು ನಿಮಿಷದ ದಾರಿ. ಸಹಾರಾದ ದಕ್ಷಿಣಕ್ಕೆ ಯುರೋಪಿನವರು ಕಟ್ಟಿದ ದೊಡ್ಡ ಕಟ್ಟಡಗಳಲ್ಲಿ ಇಲ್ಲಿನ ಕೋಟೆಯೇ ಎಲ್ಲಕ್ಕಿಂತ ಹಳೆಯದು. 1482ರಲ್ಲಿ ದಿಯೊಗೊ ದ ಅಜಂಬೂಜ ಅನ್ನುವ ಪೋರ್ಚುಗೀಸ್ ನಾಯಕ ಹಡಗಿನಲ್ಲಿ ಕಲ್ಲನ್ನೂ ಕೆತ್ತಿಸಿಕೊಂಡೇ ಬಂದಿದ್ದ. ಊರಿನ ಒಡೆಯ ಕ್ವಾಮೆನಾ ಅನ್ಸಾ ಅವನನ್ನು ಚಿನ್ನ ತೊಟ್ಟುಕೊಂಡು ಎದುರುಗೊಂಡ. ಆದರೆ ಕೋಟೆ ಕಟ್ಟುವ ಮಾತಿಗೆ ಒಪ್ಪಲಿಲ್ಲ. ಆಗಾಗ ಬಂದು ಹೋಗುವ ಸ್ನೇಹವೇ ಚಂದ, ಪಕ್ಕದಲ್ಲೇ ಮನೆ ಮಾಡಿದರೆ ಸ್ನೇಹ ಕೆಡುತ್ತದೆ ಅಂದನಂತೆ. ಪೋರ್ಚುಗೀಸರೇ ಬರೆದಿಟ್ಟ ಮಾತು ಇದು. ಎಷ್ಟು ನಯವಾಗಿ ಬೇಡ ಅಂದಿದ್ದಾನೆ ನೋಡಿ. ಉಡುಗೊರೆ ಕೊಟ್ಟು, ಒತ್ತಾಯ ಮಾಡಿ, ಕೊನೆಗೂ ಕಟ್ಟಿದರು. ಹದಿನಾರು ವರ್ಷದ ಮೇಲೆ ಅವರೇ ಕಲ್ಲಿಕೋಟೆಗೆ ಬಂದರು. 1510ರಲ್ಲಿ ಗೋವಾ.

ನನಗೆ ತಲೆ ತಿರುಗಿಸಿದ ಸಂಗತಿ ಬೇರೆ. ಶುರುವಿನಲ್ಲಿ ಎಲ್ಮಿನಾದಿಂದ ಗುಲಾಮರು ಹೊರಗೆ ಹೋಗುತ್ತಿರಲಿಲ್ಲ, ಒಳಗೆ ಬರುತ್ತಿದ್ದರು! ಪೋರ್ಚುಗೀಸರಿಗೆ ಬೇಕಾದದ್ದು ಅಕಾನರ ಚಿನ್ನ. ಒಳನಾಡಿನಿಂದ ಚಿನ್ನ ತರುವ ವ್ಯಾಪಾರಿಗಳಿಗೆ ಸಾಮಾನು ಹೊರಲು, ಕಾಡು ಕಡಿಯಲು ಆಳು ಬೇಕಿತ್ತು. ಹಾಗಾಗಿ ಪೂರ್ವಕ್ಕೆ, ಈಗಿನ ನೈಜೀರಿಯಾದಲ್ಲಿದ್ದ ಬೆನಿನ್ ರಾಜ್ಯದ ಕಡೆಯಿಂದ ಸಾವಿರಾರು ಜನರನ್ನು ತಂದು ಇಲ್ಲಿ ಚಿನ್ನಕ್ಕೆ ಮಾರಿದರು. ಗಾಳಿ ದಿಕ್ಕು ಬದಲಾದದ್ದು ಆಮೇಲೆ. ಬ್ರೆಜಿಲ್, ಬಾರ್ಬಡೋಸ್, ಜಮೈಕಾದಲ್ಲಿ ಕಬ್ಬಿನ ತೋಟ ಹೆಚ್ಚಾಯಿತು. ಇಲ್ಲಿಗೆ ಬಂದೂಕು ಜಾಸ್ತಿ ಬರತೊಡಗಿತು. ಚಿನ್ನದ ತೀರ ಮನುಷ್ಯರ ತೀರವಾಯಿತು.

1637ರಲ್ಲಿ ಡಚ್ಚರು ಕೋಟೆ ಕಸಿದುಕೊಂಡರು. ಒಳ ಅಂಗಳದಲ್ಲಿ ಹೆಂಗಸರ ಕೋಣೆಗಳು, ಮೇಲೆ ಗವರ್ನರನ ಮೊಗಸಾಲೆ. ಅಲ್ಲಿ ನಿಂತು ಒಬ್ಬಳನ್ನು ಆರಿಸಿ ತೋರಿಸುತ್ತಿದ್ದ, ಅವಳಿಗೆ ನೀರು ಹೊಯ್ದು ಆ ಮೆಟ್ಟಿಲಲ್ಲಿ ಹತ್ತಿಸುತ್ತಿದ್ದರು ಅಂತ ಗೈಡ್ ಹೇಳಿದ. ಮೆಟ್ಟಿಲು ಕಡಿದಾಗಿದೆ, ಕಿರಿದಾಗಿದೆ. ನಮ್ಮ ಗುಂಪಿನಲ್ಲಿ ಅಮೆರಿಕದಿಂದ ಬಂದ ಅಮ್ಮ ಮಗಳು ಇದ್ದರು. ಎಲ್ಲರೂ ಹತ್ತಿ ನೋಡಿದರು. ಅವರಿಬ್ಬರು ಹತ್ತಲಿಲ್ಲ.

ಸಂಜೆ ಜಾವಾ ಗುಡ್ಡಕ್ಕೆ ಹೋದೆವು. ಹೌದು, ಜಾವಾ. ಗುಲಾಮರ ವ್ಯಾಪಾರ ನಿಂತ ಮೇಲೆ, 1831ರಿಂದ 1872ರವರೆಗೆ, ಡಚ್ಚರು ಇಲ್ಲಿಂದ ಸುಮಾರು 3000 ಜನರನ್ನು ಇಂಡೋನೇಷ್ಯಾದ ತಮ್ಮ ಸೈನ್ಯಕ್ಕೆ ಸೇರಿಸಿಕೊಂಡು ಹೋದರು. ಅವರಲ್ಲಿ ಅನೇಕರು ಗುಲಾಮರೇ. ಬಿಡುಗಡೆಯ ದುಡ್ಡನ್ನು ಸಂಬಳದಲ್ಲಿ ಮುರಿದುಕೊಳ್ಳುವ ಏರ್ಪಾಡು. ಪಿಂಚಣಿ ತೆಗೆದುಕೊಂಡು ವಾಪಸ್ ಬಂದವರು ಈ ಗುಡ್ಡದ ಮೇಲೆ ಮನೆ ಕಟ್ಟಿಕೊಂಡರು. ಭಾವ ಲೆಕ್ಕದ ಮನುಷ್ಯ, ಅವರಿಗೆ ತಡೆಯಲಿಲ್ಲ: "ಅವನನ್ನು ಕೊಂಡುಕೊಂಡ ಖರ್ಚನ್ನು ಅವನ ಖಾತೆಗೇ ಹಾಕೋದಾ?"

ದಿನ 4: ಅಸ್ಸಿನ್ ಮಾನ್ಸೊ

ಕುಮಾಸಿಗೆ ಹೋಗುವ ದಾರಿಯಲ್ಲೇ ಸಿಗುತ್ತದೆ. ಒಳನಾಡಿನಿಂದ ನೂರಾರು ಮೈಲಿ ನಡೆಸಿಕೊಂಡು ಬಂದವರಿಗೆ ಕರಾವಳಿಗೆ ಮುಂಚೆ ಇಲ್ಲಿನ ಹೊಳೆಯಲ್ಲಿ ಕೊನೆಯ ಸ್ನಾನ. ಮಾರಾಟಕ್ಕೆ ಚೊಕ್ಕ ಕಾಣಬೇಕಲ್ಲ. ಹೊಳೆಯ ಹೆಸರು ದೊಂಕೊ ನ್ಸುವೊ, ಗುಲಾಮರ ನೀರು. ಬಿದಿರು ಮೆಳೆಯ ನಡುವೆ ಸಣ್ಣಗೆ ಹರಿಯುತ್ತದೆ. ನಮ್ಮ ಬೇಡ್ತಿ ಹೊಳೆಯನ್ನು ನೋಡಿದವರಿಗೆ ಇದು ಹಳ್ಳ ಅನ್ನಿಸಬಹುದು. ಚಪ್ಪಲಿ ಬಿಟ್ಟು ಇಳಿದೆ. ನೀರು ತಣ್ಣಗಿತ್ತು.

ಪಕ್ಕದಲ್ಲಿ ಎರಡು ಸಮಾಧಿ. 1998ರಲ್ಲಿ ಜಮೈಕಾದಿಂದ ಕ್ರಿಸ್ಟಲ್ ಅನ್ನುವ ಹೆಂಗಸಿನ, ನ್ಯೂಯಾರ್ಕಿನಿಂದ ಸ್ಯಾಮುಯೆಲ್ ಕಾರ್ಸನ್ ಅನ್ನುವವನ ಅಸ್ಥಿ ತಂದರು. ನಿನ್ನೆ ಅಲ್ಲ ಮೊನ್ನೆ ನೋಡಿದ ಆ ಬಾಗಿಲಲ್ಲೇ, ಹೊರಗಿನಿಂದ ಒಳಕ್ಕೆ ಹಾಯಿಸಿ, ಇಲ್ಲಿಗೆ ತಂದು ಹೂಳಿದರು. 'ಮರಳುವ ಬಾಗಿಲು' ಅನ್ನುವ ಫಲಕ ಆಗಿನದು.

ದಿನ 5: ಕುಮಾಸಿ

ಬ್ರಿಟಿಷರು ಇಲ್ಲಿನ ಜನರನ್ನು 'ಅಶಾಂತಿ' ಅಂತ ಬರೆದರು. ಕನ್ನಡದಲ್ಲಿ ಓದಿದರೆ ಹೆಸರು ಸರಿಯಾಗೇ ಇದೆ, ಬ್ರಿಟಿಷರ ನಿದ್ದೆ ಕೆಡಿಸಿದವರು ತಾನೆ! ಇವರು ಹೇಳಿಕೊಳ್ಳುವುದು ಅಸಾಂಟೆ. 1701ರ ಹೊತ್ತಿಗೆ ಓಸೆಯ್ ಟುಟು ಅನ್ನುವ ರಾಜ ಸುತ್ತಲಿನ ಸಣ್ಣ ರಾಜ್ಯಗಳನ್ನು ಒಟ್ಟು ಮಾಡಿ, ತಮ್ಮಿಂದ ಕಪ್ಪ ಕೇಳುತ್ತಿದ್ದ ಡೆಂಕಿರಾವನ್ನು ಸೋಲಿಸಿದ. ಅವನ ಪುರೋಹಿತ ಒಕೊಂಫೊ ಅನೋಚೆ ಆಕಾಶದಿಂದ ಚಿನ್ನದ ಪೀಠ ಇಳಿಸಿದ ಅಂತ ನಂಬಿಕೆ. ಇಳಿದದ್ದು ಶುಕ್ರವಾರ, ಹಾಗಾಗಿ ಪೀಠದ ಹೆಸರಲ್ಲೂ ಕೋಫಿ ಇದೆ. ನಮ್ಮ ಡ್ರೈವರ್ ಇದನ್ನು ಹೇಳುವಾಗ ಕಾಲರ್ ಸರಿಮಾಡಿಕೊಂಡ. ಆ ಪೀಠದ ಮೇಲೆ ಯಾರೂ ಕೂರುವುದಿಲ್ಲ, ರಾಜನೂ ಕೂರುವುದಿಲ್ಲ. ಅದು ಇಡೀ ಜನರ ಜೀವ.

1900ರಲ್ಲಿ ಬ್ರಿಟಿಷ್ ಗವರ್ನರ್ ಹಾಡ್ಜ್‌ಸನ್ ಕುಮಾಸಿಗೆ ಬಂದು, ಪೀಠ ಎಲ್ಲಿ, ನಾನು ಯಾಕೆ ಅದರ ಮೇಲೆ ಕೂತಿಲ್ಲ ಅಂತ ಕೇಳಿದ. ಗಂಡಸರು ಸುಮ್ಮನಿದ್ದರು. ಎಜಿಸು ಊರಿನ ರಾಜಮಾತೆ ಯಾ ಅಸಾಂಟೆವಾ ಎದ್ದಳು. ತಿಂಗಳುಗಟ್ಟಲೆ ಯುದ್ಧ ನಡೆಯಿತು. ಅವಳನ್ನು ಹಿಡಿದು ಸೇಶೆಲ್ಸ್ ದ್ವೀಪಕ್ಕೆ ಸಾಗಿಸಿದರು, 1921ರಲ್ಲಿ ಅಲ್ಲೇ ತೀರಿಕೊಂಡಳು. ಪೀಠ ಮಾತ್ರ ಸಿಗಲಿಲ್ಲ. ಗಡಿಪಾರಾಗಿ ಅದೇ ದ್ವೀಪದಲ್ಲಿದ್ದ ಅಸಾಂಟೆ ರಾಜ ಪ್ರೆಂಪೆ 1924ರಲ್ಲಿ ವಾಪಸ್ ಬಂದ. ಬ್ರಿಟಿಷರು ಅವನಿಗೆ ಮನೆ ಕಟ್ಟಿಸಿಕೊಟ್ಟರು. ಕಟ್ಟಿದ ಖರ್ಚು ಅಸಾಂಟೆ ಜನ ಪೂರ್ತಿ ತೀರಿಸುವವರೆಗೂ ಅವನು ಒಳಗೆ ಕಾಲಿಡಲಿಲ್ಲ. ಆ ಮನೆಯೇ ಈಗ ಮಾನ್ಹಿಯಾ ಅರಮನೆಯ ಮ್ಯೂಸಿಯಂ. 1874ರಲ್ಲಿ ಬ್ರಿಟಿಷ್ ಸೈನ್ಯ ಕುಮಾಸಿಯನ್ನು ಲೂಟಿ ಮಾಡಿ ಸುಟ್ಟಾಗ ಹೋದ ಒಡವೆಗಳೂ ಸೇರಿದಂತೆ 32 ವಸ್ತುಗಳನ್ನು 2024ರಲ್ಲಿ ಲಂಡನ್ನಿನ ಎರಡು ಮ್ಯೂಸಿಯಂಗಳು ಇಲ್ಲಿಗೆ ಕಳಿಸಿದವು. ಕೊಟ್ಟದ್ದಲ್ಲ, ಕಡ! "ಕದ್ದ ಮಾಲು ಕಡ ಕೊಡೋದು ಯಾವ ಪುಸ್ತಕದಲ್ಲಿ ಬರೆಯಬೇಕು?" ಅಂದರು ಭಾವ.

ಇಷ್ಟೇ ಆಗಿದ್ದರೆ ಕಥೆ ಸುಲಭ. ಆದರೆ ಕರಾವಳಿಯ ಕೋಟೆಗಳಿಗೆ ಜನರನ್ನು ಕಳಿಸಿದವರಲ್ಲಿ ಅಸಾಂಟೆಯೂ ಇತ್ತು. ಯುದ್ಧದ ಕೈದಿಗಳು, ಉತ್ತರದ ದಗೊಂಬಾ, ಗೊಂಜಾ ರಾಜ್ಯಗಳಿಂದ ವರ್ಷ ವರ್ಷ ಕಪ್ಪವಾಗಿ ಬಂದ ಆಳುಗಳು. ಬದಲಿಗೆ ಬಂದೂಕು, ಮದ್ದು, ಬಟ್ಟೆ. 1807ರಲ್ಲಿ ಬ್ರಿಟನ್ ಈ ವ್ಯಾಪಾರ ನಿಲ್ಲಿಸಿತು. 1820ರಲ್ಲಿ ಬ್ರಿಟಿಷ್ ಪ್ರತಿನಿಧಿ ಡುಪ್ವಿ ಇಲ್ಲಿಗೆ ಬಂದಾಗ ರಾಜ ಓಸೆಯ್ ಬೊನ್ಸು ನೇರವಾಗಿ ಕೇಳಿದ: ಈಗ ಕೆಟ್ಟದ್ದು ಅನ್ನುವವರಿಗೆ ಮೊನ್ನೆ ಮೊನ್ನೆಯವರೆಗೆ ಒಳ್ಳೆಯದು ಅಂತ ಹೇಗೆ ಕಂಡಿತು? ಪ್ರಶ್ನೆ ಸರಿ ಇದೆ. ಕೇಳಿದವನು ಸರಿ ಇದ್ದ ಅಂತ ಅಲ್ಲ.

ರಾತ್ರಿ ಕೋಫಿಯನ್ನು ಕೇಳಿದೆ, ಊರಲ್ಲಿ ಯಾರ ಮನೆಯವರು ಗುಲಾಮರಾಗಿ ಬಂದವರು ಅಂತ ಗೊತ್ತಿರುತ್ತದಾ? ಅವನು ರಸ್ತೆ ನೋಡುತ್ತಲೇ ಹೇಳಿದ, "ಗೊತ್ತಿರುತ್ತೆ. ಹೇಳಬಾರದು." ಇನ್ನೊಬ್ಬರ ಮೂಲ ಎತ್ತಿ ಆಡಬಾರದು ಅನ್ನುವುದು ಅಸಾಂಟೆಯ ಹಳೆಯ ಕಟ್ಟಳೆ. ತಂದ ಆಳಿನ ಮಕ್ಕಳು ಮೊಮ್ಮಕ್ಕಳು ಮನೆತನದೊಳಗೆ ಕರಗಿ ಹೋಗಲಿ ಅಂತ ಮಾಡಿದ್ದು. ಒಳ್ಳೆಯದೇ. ಆದರೆ ಹೇಳಬಾರದು ಅನ್ನುವುದು ಯಾರನ್ನು ಕಾಪಾಡುತ್ತದೆ? ಕರಗಿದವರನ್ನೋ, ತಂದವರನ್ನೋ? ಅವನನ್ನು ಮತ್ತೆ ಕೇಳಲಿಲ್ಲ.

ದಿನ 6: ಬಸ್ಸು

ಕುಮಾಸಿಯಿಂದ ಅಕ್ರಾ, 250 ಕಿ.ಮೀ. ಕೋಫಿಯನ್ನು ಬೀಳ್ಕೊಟ್ಟು ಮಧ್ಯಾಹ್ನ ಟೋಗೊ ಗಡಿಯ ಬಸ್ಸು ಹತ್ತಿದೆವು. ಒಂದು ಟೈರು ಪಂಕ್ಚರ್, ಎರಡು ಗಂಟೆ ರಸ್ತೆ ಬದಿ. ಗಡಿಯಲ್ಲಿ ಸೆಡಿ ಕೊಟ್ಟು ಫ್ರಾಂಕ್ ತೆಗೆದುಕೊಳ್ಳುವಾಗ ಲೆಕ್ಕದಲ್ಲಿ ಪಳಗಿದ ಭಾವನಿಗೇ ಒಬ್ಬ ಟೋಪಿ ಹಾಕಿದ. ಈ ವಿಷಯ ಅಕ್ಕನಿಗೆ ಹೇಳಬಾರದು ಅಂತ ಒಪ್ಪಂದವಾಗಿದೆ. ಲೋಮೆಯಲ್ಲಿ ಮಲಗಿದೆವು.

ದಿನ 7: ವಿದಾ

ಟೋಗೊ ದಾಟಿ ಬೆನಿನ್ ದೇಶ. ಇಲ್ಲಿ ಫ್ರೆಂಚ್. ನನಗೆ ಗೊತ್ತಿರುವುದು ಮೆರ್ಸಿ ಒಂದೇ, ಭಾವನಿಗೆ ಎಷ್ಟು ಅಂತ ಕೇಳುವುದು ಒಂದೇ. ಇಂಗ್ಲಿಷ್ ಬರುವ ಗೈಡ್ ಸಿಕ್ಕಿದ್ದು ನಮ್ಮ ಪುಣ್ಯ. ಇಪ್ಪತ್ತೈದರ ಹುಡುಗ, ಇತಿಹಾಸ ಓದುತ್ತಿದ್ದಾನೆ.

ವಿದಾ ಸಣ್ಣ ಊರು, ಕೆಂಪು ಮಣ್ಣಿನ ಬೀದಿ. ಹೆಬ್ಬಾವಿನ ಗುಡಿಯ ಎದುರಿಗೇ ಕ್ಯಾಥೊಲಿಕ್ ಚರ್ಚು. ಹಾವುಗಳು ಸುರುಳಿ ಸುತ್ತಿ ಮಲಗಿರುತ್ತವೆ. ನಾಗರಪಂಚಮಿ ಮಾಡುವ ನಾಡಿನವನು ನಾನು, ಕೈ ಮುಗಿದೆ. ಭಾವ ಬಾಗಿಲಲ್ಲೇ ನಿಂತರು.

ಈ ಊರಿನಿಂದ ಹಡಗು ಹತ್ತಿದವರು ಸುಮಾರು 10 ಲಕ್ಷ. ಆಫ್ರಿಕಾದಲ್ಲಿ ಇದಕ್ಕಿಂತ ಜಾಸ್ತಿ ಜನರನ್ನು ಕಳಿಸಿದ ಬಂದರು ಅಂಗೋಲಾದ ಲುವಾಂಡಾ ಒಂದೇ. ಇಲ್ಲಿ ಘಾನಾದ ಹಾಗೆ ದೊಡ್ಡ ಕೋಟೆಗಳಿಲ್ಲ. ಇಂಗ್ಲಿಷರು, ಫ್ರೆಂಚರು, ಪೋರ್ಚುಗೀಸರು ಊರೊಳಗೆ ಅಕ್ಕಪಕ್ಕ ಇದ್ದರು, ರಾಜ ಹೇಳಿದ ಜಾಗದಲ್ಲಿ, ರಾಜನಿಗೆ ಸುಂಕ ಕಟ್ಟಿಕೊಂಡು. 1727ರಲ್ಲಿ ಒಳನಾಡಿನ ದಹೋಮಿ ರಾಜ ಅಗಾಜ ಈ ಊರನ್ನು ಗೆದ್ದ ಮೇಲೆ ಯಜಮಾನಿಕೆ ದಹೋಮಿಯದು. ಪೋರ್ಚುಗೀಸ್ ಕೋಟೆಯಲ್ಲಿ ದುರಸ್ತಿ ನಡೆದಿತ್ತು, ಹೊರಗಿನಿಂದಲೇ ನೋಡಿದೆವು. ಸುತ್ತಲಿನ ದೇಶವೆಲ್ಲ ಫ್ರೆಂಚರ ಪಾಲಾದ ಮೇಲೂ ಪೋರ್ಚುಗಲ್ ಈ ಒಂದು ಕಾಂಪೌಂಡನ್ನು ಬಿಟ್ಟುಕೊಡಲಿಲ್ಲ. ಸ್ವತಂತ್ರ ದಹೋಮಿ (ಬೆನಿನ್ ದೇಶಕ್ಕೆ ಆಗ ಅದೇ ಹೆಸರು) 1961ರ ಆಗಸ್ಟ್‌ನಲ್ಲಿ ಖಾಲಿ ಮಾಡಿಸಿತು. ಕೊನೆಯ ಅಧಿಕಾರಿ ಹೋಗುವ ಮುಂಚೆ ಬೆಂಕಿ ಇಟ್ಟ. ಅದೇ ವರ್ಷ ಡಿಸೆಂಬರ್‌ನಲ್ಲಿ ಗೋವಾ ಬಿಡುಗಡೆ ಆಯಿತು. ಇದನ್ನು ಹೇಳಿದಾಗ ಹುಡುಗ ನನ್ನ ಕೈ ಕುಲುಕಿದ.

ಇನ್ನು ಕವಡೆ. ಮಾಲ್ಡೀವ್ಸ್‌ನ ಹೆಂಗಸರು ಸೊಂಟದ ನೀರಿನಲ್ಲಿ ನಿಂತು ಹೆಕ್ಕಿ, ಮರಳಲ್ಲಿ ಹೂತು, ಒಳಗಿನ ಹುಳ ಕೊಳೆತ ಮೇಲೆ ತೊಳೆಯುತ್ತಿದ್ದರು. ಬಂಗಾಳದಿಂದ ಅಕ್ಕಿ ಹೋಗಿ ಕವಡೆ ಬರುತ್ತಿತ್ತು. ಬಂಗಾಳ, ಸಿಲೋನಿನಲ್ಲಿ ಯುರೋಪಿನ ಕಂಪನಿಗಳು ಕೊಂಡು, ಹಡಗು ಅಲುಗಾಡದ ಹಾಗೆ ತಳಭಾರಕ್ಕೆ ತುಂಬಿ, ಮೇಲೆ ಬಟ್ಟೆಯ ಗಂಟು ಹೇರುತ್ತಿದ್ದರು. ಆಮ್‌ಸ್ಟರ್‌ಡ್ಯಾಂ, ಲಂಡನ್ನಿನಲ್ಲಿ ಹರಾಜು. ಅಲ್ಲಿಂದ ಪೀಪಾಯಿಯಲ್ಲಿ ಇಲ್ಲಿಗೆ. 1700ರಿಂದ 1790ರ ಒಳಗೆ ಡಚ್ಚರು, ಇಂಗ್ಲಿಷರು ಪಶ್ಚಿಮ ಆಫ್ರಿಕಾಕ್ಕೆ ತಂದದ್ದು 11 ಸಾವಿರ ಟನ್ನಿಗೂ ಜಾಸ್ತಿ. ಸುಮಾರು 1000 ಕೋಟಿ ಕವಡೆ. ಅದರ ಜೊತೆಗೆ ಕೋರಮಂಡಲ, ಗುಜರಾತಿನ ನೇಯ್ಗೆಯ ಬಟ್ಟೆ. ಎಣಿಸುವ ಲೆಕ್ಕ ಹೀಗೆ: 40 ಕವಡೆಗೆ ಒಂದು ಸರ. ಐದು ಸರ ಸೇರಿದರೆ 200. ಅಂಥ ಇಪ್ಪತ್ತು ಸೇರಿದರೆ 4000, ಅದೊಂದು ದೊಡ್ಡ ಮೊತ್ತ. ಮನುಷ್ಯನ ಬೆಲೆ ಹತ್ತಾರು ಸಾವಿರ, ಬರಬರುತ್ತಾ ಲಕ್ಷದ ಮೇಲೆ.

ಭಾವ ಮೊಬೈಲ್ ತೆಗೆದು ಲೆಕ್ಕ ಹಾಕಿದರು. ಒಂದು ಪೌಂಡ್ ತೂಕಕ್ಕೆ ಸುಮಾರು 400 ಕವಡೆ ಅಂತ ಹಿಡಿದರೆ, 40 ಸಾವಿರ ಕವಡೆಯ ತೂಕ 45 ಕೆ.ಜಿ. ಆಮೇಲೆ ಸ್ವಲ್ಪ ಹೊತ್ತು ಮಾತಾಡಲಿಲ್ಲ. "ಒಬ್ಬ ಮನುಷ್ಯನ ತೂಕವೇ ಆಯ್ತಲ್ಲ ಮಾರಾಯ," ಅಂದರು.

ಊರಿನ ಚೌಕದಲ್ಲಿ ದೊಡ್ಡ ಮರ. ಚಾಚಾ ಚೌಕ ಅಂತ ಹೆಸರು. ಚಾಚಾ ಅಂದರೆ ಬ್ರೆಜಿಲ್‌ನಿಂದ ಬಂದ ಫ್ರಾನ್ಸಿಸ್ಕೊ ಫೆಲಿಶ್ ದ ಸೋಝಾ. ದಹೋಮಿ ರಾಜ ಗೆಜೊನ ಗೆಳೆಯ, 19ನೇ ಶತಮಾನದ ಅತಿ ದೊಡ್ಡ ಗುಲಾಮ ವ್ಯಾಪಾರಿಗಳಲ್ಲಿ ಒಬ್ಬ. 1849ರಲ್ಲಿ ಸತ್ತ. ಅವನ ವಂಶ ಈಗಲೂ ಊರಿನ ದೊಡ್ಡ ಮನೆತನ. ಮಾರಿಸಿಕೊಂಡವರ ಕಡೆಯವರೂ ಇದೇ ಊರಲ್ಲಿದ್ದಾರೆ. ಮದುವೆ, ತಿಥಿಗೆ ಎಲ್ಲರೂ ಎಲ್ಲರ ಮನೆಗೂ ಹೋಗುತ್ತಾರೆ ಅಂದ ಹುಡುಗ.

ಚೌಕದಿಂದ ಕಡಲಿಗೆ ಸುಮಾರು 4 ಕಿ.ಮೀ. ನಡೆದೇ ಹೋದೆವು. ದಾರಿಯಲ್ಲಿ 'ಮರೆವಿನ ಮರ' ಇದ್ದ ಜಾಗ. ಗಂಡಸರು ಒಂಬತ್ತು ಸುತ್ತು, ಹೆಂಗಸರು ಏಳು ಸುತ್ತು ಹಾಕಿದರೆ ಊರು, ಹೆಸರು ಮರೆತು ಹೋಗುತ್ತದೆ ಅನ್ನುವ ಕಥೆ. ಇದು ಆ ಕಾಲದ್ದೇ ಅಥವಾ ಆಮೇಲೆ ಹುಟ್ಟಿದ್ದೇ ಅಂತ ಇತಿಹಾಸಕಾರರಿಗೆ ಅನುಮಾನ ಇದೆ. ನನಗೂ ಇದೆ. ಯಾಕೆಂದರೆ ಯಾರೂ ಮರೆಯಲಿಲ್ಲ. 1860ರಲ್ಲಿ, ಅಮೆರಿಕದಲ್ಲಿ ಆಮದು ನಿಷೇಧವಾಗಿ ಅರ್ಧ ಶತಮಾನ ಕಳೆದ ಮೇಲೆ, ಕ್ಲೊಟಿಲ್ಡಾ ಅನ್ನುವ ಹಡಗು ಇದೇ ದಡದಿಂದ ಸುಮಾರು 110 ಜನರನ್ನು ಕದ್ದು ಅಲಬಾಮಾಕ್ಕೆ ಒಯ್ದಿತು. ಅವರಲ್ಲಿ ಒಬ್ಬ ಕೊಸ್ಸೊಲಾ, ಅಲ್ಲಿ ಅವನನ್ನು ಕಡ್ಜೊ ಲೂಯಿಸ್ ಅಂತ ಕರೆದರು. ದಹೋಮಿಯ ಸೈನ್ಯ ನಸುಕಿನಲ್ಲಿ ಊರಿಗೆ ನುಗ್ಗಿದ್ದನ್ನು ಅವನು ಮುಪ್ಪಿನಲ್ಲೂ ಹೇಳುತ್ತಿದ್ದ. 1935ರಲ್ಲಿ ಸತ್ತ.

ಕಡಲ ದಡದಲ್ಲಿ ಎತ್ತರದ ಕಮಾನು. ಅದರ ಮೇಲೆ ಕಟ್ಟಿದ ಕೈಗಳ ಸಾಲು, ಅಲೆಯ ಕಡೆಗೆ ನಡೆಯುತ್ತಿರುವ ಹಾಗೆ. ಗಾಳಿ ಜೋರಾಗಿತ್ತು. ಒಬ್ಬ ಹುಡುಗ ಎಳನೀರು ಮಾರುತ್ತಿದ್ದ. ಕುಡಿದೆವು.

ದಿನ 8: ಅಬೋಮೆ

ದಹೋಮಿಯ ರಾಜಧಾನಿ. ಕೆಂಪು ಮಣ್ಣಿನ ಗೋಡೆಯ ಅರಮನೆಗಳು, ಒಂದೊಂದು ರಾಜನಿಗೆ ಒಂದೊಂದು. ಒಂದು ಭಾಗದಲ್ಲಿ ಕೆಲಸ ನಡೆದಿತ್ತು. ಗೋಡೆಯ ಮೇಲೆ ಉಬ್ಬು ಚಿತ್ರಗಳು: ಸಿಂಹ, ಶಾರ್ಕ್, ತೂತಿನ ಕೊಡ. ಎಲ್ಲರೂ ಒಂದೊಂದು ತೂತಿಗೆ ಬೆರಳು ಇಟ್ಟರೆ ಕೊಡದಲ್ಲಿ ನೀರು ನಿಲ್ಲುತ್ತದೆ ಅನ್ನುವುದು ಗೆಜೊನ ಮಾತು. ಎಂಥ ಚಂದದ ಮಾತು ಅಂತ ಬರೆದುಕೊಂಡೆ. ಮುಂದಿನ ಕೋಣೆಯಲ್ಲಿ ಅವನದೇ ಸಿಂಹಾಸನ. ನಾಲ್ಕು ಕಾಲಿನ ಕೆಳಗೆ ನಾಲ್ಕು ಶತ್ರುಗಳ ತಲೆಬುರುಡೆ.

ಹೆಣ್ಣು ಸೈನಿಕರ ಬಗ್ಗೆ ಎಲ್ಲರೂ ಕೇಳುತ್ತಾರೆ, ನಾವೂ ಕೇಳಿದೆವು. ಅಗೊಜಿಯೆ ಅಂತ ಅವರ ಹೆಸರು. 1892ರಲ್ಲಿ ಫ್ರೆಂಚರ ಬಂದೂಕಿಗೆ ಎದೆ ಕೊಟ್ಟವರು. ಅವರೇ ಹಳ್ಳಿಗಳಿಗೆ ನುಗ್ಗಿ ಜನರನ್ನು ಹಿಡಿದು ತಂದವರು ಕೂಡ. ಅಂಗಳದಲ್ಲಿ ಹಳೆಯ ಫಿರಂಗಿ ಇದೆ. ಒಂದಕ್ಕೆ 15 ಗಂಡಸರು ಅಥವಾ 21 ಹೆಂಗಸರು ಅಂತ ಗೈಡ್ ಹೇಳಿದರು.

ಫ್ರೆಂಚ್ ಸೈನ್ಯದ ದಂಡನಾಯಕ ಡಾಡ್ಸ್, ಸೆನೆಗಲ್‌ನಲ್ಲಿ ಹುಟ್ಟಿದ ಮಿಶ್ರ ರಕ್ತದವನು. ಅವನು ಒಯ್ದ 26 ವಸ್ತುಗಳು 2021ರಲ್ಲಿ ಪ್ಯಾರಿಸ್‌ನಿಂದ ವಾಪಸ್ ಬಂದವು. ಇವು ಕಡ ಅಲ್ಲ. ಆ ಸಿಂಹ, ಶಾರ್ಕ್‌ನ ಆಳೆತ್ತರದ ಮರದ ಮೂರ್ತಿಗಳೂ ಅದರಲ್ಲಿವೆ. ಕೊನೆಯ ರಾಜರಲ್ಲಿ ಒಬ್ಬನಾದ ಬೆಹಾಂಜಿನ್‌ನನ್ನು ಫ್ರೆಂಚರು ಕೆರಿಬಿಯನ್ನಿನ ಮಾರ್ಟಿನಿಕ್ ದ್ವೀಪಕ್ಕೆ ಗಡಿಪಾರು ಮಾಡಿದ್ದರು. ಅವನ ಹಿರಿಯರು ಮಾರಿದ ಜನ ಹೋದ ಕಡೆಗೇ, ಅದೇ ಕಡಲ ಮೇಲೆ.

ಗುಲಾಮರ ಹಡಗು ನಿಂತ ಮೇಲೆ ರಾಜರು ತಾಳೆ ಎಣ್ಣೆಗೆ ತಿರುಗಿದರು. ಯುರೋಪಿನಲ್ಲಿ ಸಾಬೂನು, ಮೇಣದಬತ್ತಿಗೆ ಅದು ಬೇಕಿತ್ತು. ತಾಳೆ ತೋಟದಲ್ಲಿ ದುಡಿದವರು ಯಾರು? ಅವರೇ, ಹಡಗು ಹತ್ತದ ಗುಲಾಮರು. ಮಧ್ಯಾಹ್ನ ಬದನೆಕಾಯಿ ಪಲ್ಯ ಕೆಂಪು ತಾಳೆ ಎಣ್ಣೆಯಲ್ಲಿ ತೇಲುತ್ತಿತ್ತು. ಹಸಿವಾಗಿತ್ತು, ತಿಂದೆವು.

ದಿನ 9: ಗಾನ್ವಿಯೆ, ಆಮೇಲೆ ವಾಪಸ್

ಕೊಟೊನು ಪಕ್ಕದ ನೊಕೊವೆ ಸರೋವರದ ನಡುವೆ ಕಂಬದ ಮೇಲೆ ನಿಂತ ಊರು ಗಾನ್ವಿಯೆ. ದಹೋಮಿಯ ದಾಳಿಗೆ ಹೆದರಿ ಓಡಿಬಂದ ಟೊಫಿನು ಜನ ನೀರಿನ ಮೇಲೆ ಮನೆ ಕಟ್ಟಿದರು. ದಹೋಮಿಯ ಸೈನಿಕರು ನೀರಿಗಿಳಿದು ಕಾದಬಾರದು ಅನ್ನುವ ನೇಮ ಇತ್ತಂತೆ. ದೋಣಿಯಲ್ಲೇ ಸಂತೆ, ದೋಣಿಯಲ್ಲೇ ಶಾಲೆಗೆ ಹೋಗುವ ಮಕ್ಕಳು. ಫೋಟೋ ತೆಗೆಯಲು ಹೋದರೆ ಹೆಂಗಸರು ಅಗಲದ ಹುಲ್ಲಿನ ಟೋಪಿ ಬಗ್ಗಿಸಿ ಮುಖ ಮುಚ್ಚಿಕೊಂಡರು. ಹಿಡಿಯಲು ಬಂದವರಿಂದ ತಪ್ಪಿಸಿಕೊಂಡವರ ಊರು. ಮೊಬೈಲ್ ಒಳಗಿಟ್ಟೆ.

ದೋಣಿ ಇಳಿದು ಕೊಟೊನುವಿನ ಸಂತೆಗೆ ಹೋದೆವು. ಒಬ್ಬ ಮುದುಕಿ ಬುಟ್ಟಿಯಲ್ಲಿ ಕವಡೆ ಇಟ್ಟುಕೊಂಡಿದ್ದಳು. ಪೂಜೆಗೆ, ಶಾಸ್ತ್ರ ಕೇಳಲು ಕೊಳ್ಳುತ್ತಾರೆ. ನಲವತ್ತು ಬೇಕು ಅಂತ ಬೆರಳು ತೋರಿಸಿದೆ. ಅವಳು ಎಣಿಸುವುದನ್ನು ನೋಡಬೇಕಿತ್ತು. ಒಂದೊಂದಾಗಿ ಅಲ್ಲ. ಐದು ಬೆರಳಲ್ಲಿ ಐದು ಕವಡೆ ಒಮ್ಮೆಗೇ ಗುಡಿಸಿ ಎಳೆದುಕೊಂಡಳು. ಸರ್, ಸರ್ ಅಂತ ಎಂಟು ಸಲ. ಲೆಕ್ಕ ತಪ್ಪಲಿಲ್ಲ. ಭಾವ ಮತ್ತೆ ಎಣಿಸಿ ನೋಡಿದರು, ಮೊನ್ನೆಯ ಟೋಪಿ ಇನ್ನೂ ನೆನಪಿತ್ತಲ್ಲ. ಮುದುಕಿ ನಕ್ಕಳು. ದಾರದಲ್ಲಿ ಪೋಣಿಸಿ ಕೊಟ್ಟಳು.

ನಡುರಾತ್ರಿ ಅಕ್ರಾ ಮುಟ್ಟಿದೆವು. ಅಕ್ಕ ಎದ್ದೇ ಇದ್ದಳು. ಅನ್ನ, ಸಾರು ಬಡಿಸಿದಳು. ನಿದ್ದೆ ಯಾರಿಗೂ ಬರಲಿಲ್ಲ. ಅವಳು ಸೀಮೆಸುಣ್ಣ ತಂದು ನೆಲದ ಮೇಲೆ ಚೌಕಾಬಾರದ ಮನೆ ಬರೆದಳು. ಬಳೆ ಚೂರು, ಹುಣಸೆ ಬೀಜ, ಬೆಂಕಿಕಡ್ಡಿ ಕಾಯಿಗಳಾದವು. ನಾನು ತಂದ ಸರ ಕೈಯಲ್ಲಿ ಹಿಡಿದು, "ಇದರಲ್ಲೇ ನಾಲ್ಕು ಬಿಚ್ಚಿಕೊಳ್ಳಲಾ?" ಅಂದಳು.

"ಬೇಡ, ತಡಿ," ಅಂದೆ. ಚೀಲದ ತಳದಿಂದ ಅಜ್ಜಿಯ ನಾಲ್ಕು ಕವಡೆ ಹುಡುಕಿ ತೆಗೆದೆ. ಎರಡನ್ನೂ ಪಕ್ಕ ಪಕ್ಕ ಇಟ್ಟರೆ ಯಾವುದು ಯಾವುದು ಅಂತ ಗೊತ್ತಾಗುತ್ತಿರಲಿಲ್ಲ. ಅಜ್ಜಿಯದು ಸ್ವಲ್ಪ ಹಳದಿ, ಅಷ್ಟೇ.

ಭಾವನಿಗೆ ಮೊದಲನೇ ಸಲಕ್ಕೇ ನಾಲ್ಕೂ ಮಗುಚಿ ಬಿದ್ದು ಎಂಟಾಯಿತು.